ಸಾಕ್ಷಿಯೂ ಕೂಟಸಾಕ್ಷಿಯೂ

ಚಲಚ್ಚಿತ್ರಕಲೆಯ ಅಭಿಮಾನಿಗಳಲ್ಲಿ ಒಂದು ಮತವು ಬಲವಾಗಿ ಬೇರೂರಿದೆ. ರೈಲ್ವೆ ಸ್ಟೇಷನ್ನು, ಬಸ್ಸಿನ ತಂಗುದಾಣ, ವಿಮಾನನಿಲ್ದಾಣ ಮೊದಲಾದವು ಸಾರ್ವಜನಿಕ ಸ್ಥಳಗಳು. ಅಲ್ಲಿಗೆ ಬಂದವನು ತನ್ನ ಮುಖವನ್ನು ಸಾರ್ವಜನಿಕರಿಗೆ ಒಪ್ಪಿಸಿಯೇ ಬಂದಿರುತ್ತಾನೆ. ಆದುದರಿಂದ ಅಲ್ಲಿ ಕ್ಯಾಮೆರಾ ಹಿಡಿದು ನಿಂತ ಸಾಕ್ಷ್ಯಚಿತ್ರಕಾರನು ಯಾರ ಅಪ್ಪಣೆಯನ್ನೂ ಬೇಡಬೇಕಾದುದಿಲ್ಲ. ಬೇಡಿದರೆ ಜನರು ನಟಿಸತೊಡಗುವರು, ಸತ್ಯವು ಓಡಿಹೋಗುವುದು. ಇದು ಆ ಮತದ ಸಾರಾಂಶ. ಕೇಳುವುದಕ್ಕೆ ಇದು ಸರಳವಾಗಿಯೂ ಉದಾರವಾಗಿಯೂ ಇದೆ. ಇದನ್ನು ಒಪ್ಪಿದವರಲ್ಲಿ ವಿದ್ಯಾವಂತರೂ ಸಹೃದಯರೂ ಅನೇಕರುಂಟು. ಆದರೂ ಇದು ತಪ್ಪು ಮತವೆಂದೂ, ಇದರಿಂದ ಕಲೆಗೂ ಮನುಷ್ಯನಿಗೂ ಹಾನಿಯುಂಟೆಂದೂ ತೋರಿಸುವುದು ಈ ಲೇಖನದ ಉದ್ದೇಶ.

ಮೊದಲು ಒಂದು ಅಪಾರ್ಥವನ್ನು ನಿವಾರಿಸಬೇಕು. ನಿಲ್ದಾಣದ ಬಾಳನ್ನು ಚಿತ್ರಿಸಕೂಡದೆಂದು ನಾವು ಹೇಳುತ್ತಿಲ್ಲ. ಚಲಚ್ಚಿತ್ರವು ಹುಟ್ಟಿದೊಡನೆಯೇ ನಿಲ್ದಾಣಕ್ಕೆ ಹೋಯಿತು. ಫ್ರಾನ್ಸಿನ ಲೂಮಿಯೇರ್ ಸಹೋದರರು ಲಾ ಸಿಯೋಟಾ ಎಂಬ ಊರಿಗೆ ರೈಲುಗಾಡಿ ಬಂದು ನಿಲ್ಲುವುದನ್ನು ಒಂದು ನಿಮಿಷಕ್ಕೂ ಕಡಮೆಯಾದ ಚಿತ್ರದಲ್ಲಿ ಹಿಡಿದರು. 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಭರತಖಂಡದ ಮೊದಲ ಚಲಚ್ಚಿತ್ರ ಪ್ರದರ್ಶನವಾದಾಗಲೂ ಪಟ್ಟಿಯಲ್ಲಿ ರೈಲಿನ ಆಗಮನವೊಂದಿತ್ತು. ಇದು ಆಕಸ್ಮಿಕವಲ್ಲ. ನಿಲ್ದಾಣದಲ್ಲಿ ಮನುಷ್ಯನು ಹೊರಟ ಊರಿನವನೂ ಅಲ್ಲ, ಸೇರುವ ಊರಿನವನೂ ಅಲ್ಲ. ಕಚೇರಿಯ ಗತ್ತು, ಮನೆಯ ಯಜಮಾನಿಕೆ, ಬೀದಿಯ ಮರ್ಯಾದೆ ಇವೆಲ್ಲವನ್ನೂ ಗಂಟುಮೂಟೆಯೊಡನೆ ಕೆಳಗಿಳಿಸಿ ಕುಳಿತಿರುತ್ತಾನೆ. ಹಸಿಯುತ್ತಾನೆ, ತೂಕಡಿಸುತ್ತಾನೆ, ಬೀಳ್ಕೊಡುವಾಗ ಅಳುತ್ತಾನೆ, ಗಾಡಿ ತಡವಾದರೆ ಮಗುವಿನಂತೆ ಸಿಡುಕುತ್ತಾನೆ. ಹಿಂದಿನ ಕಾಲದಲ್ಲಿ ಧರ್ಮಛತ್ರವೂ ಜಾತ್ರೆಯೂ ತೋರಿಸುತ್ತಿದ್ದ ಮನುಷ್ಯಸ್ವಭಾವವನ್ನು ಇಂದು ನಿಲ್ದಾಣವು ತೋರಿಸುತ್ತದೆ. ಇದನ್ನು ನೋಡಿ ದಾಖಲು ಮಾಡತಕ್ಕವರು ಇರಲೇಬೇಕು. ಹೇಗೆ ನೋಡಬೇಕು, ನೋಡಿದವನಿಗೆ ನೋಡಿಸಿಕೊಂಡವನಲ್ಲಿ ಋಣವೇನಾದರೂ ಉಂಟೇ ಎಂಬುದೇ ಪ್ರಶ್ನೆ.

ನಮ್ಮ ಭಾಷೆಯು ಈ ಬಗೆಯ ಚಿತ್ರಕ್ಕೆ ಸಾಕ್ಷ್ಯಚಿತ್ರವೆಂದು ಹೆಸರಿಟ್ಟಿದೆ. ಹೆಸರಿಟ್ಟವರು ತಿಳಿದೇ ಇಟ್ಟರೋ ಏನೋ, ಅದರಲ್ಲಿ ಒಂದು ಶಾಸನವೇ ಅಡಗಿದೆ. ಸಾಕ್ಷಾತ್ತಾಗಿ ಕಂಡವನು ಸಾಕ್ಷಿಯೆಂಬುದು ಪಾಣಿನಿಯ ವ್ಯಾಕರಣವು ಹೇಳುವ ಅರ್ಥ. ಸಾಕ್ಷಿಯಾದವನಿಗೆ ಎರಡು ಧರ್ಮಗಳುಂಟು: ಕಂಡುದನ್ನು ಕಂಡಂತೆ ಹೇಳುವುದೊಂದು, ಕಾಣುವುದಕ್ಕಾಗಿ ತಾನೇ ಘಟನೆಯನ್ನು ಹುಟ್ಟಿಸದಿರುವುದು ಇನ್ನೊಂದು. ತಾನೇ ಬೆಂಕಿಯಿಟ್ಟು ತಾನೇ ಬಂದು ಮನೆ ಸುಟ್ಟಿತೆಂದು ಹೇಳುವವನ ಮಾತು ಅಕ್ಷರಶಃ ನಿಜವಾದರೂ ಅವನು ಸಾಕ್ಷಿಯಲ್ಲ. ನಮ್ಮ ಧರ್ಮಶಾಸ್ತ್ರಗಳು ಸುಳ್ಳುಸಾಕ್ಷಿಗೆ ಕೂಟಸಾಕ್ಷಿಯೆಂಬ ಹೆಸರನ್ನು ಕೊಟ್ಟಿವೆ. ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು ಎಂಬ ನಮ್ಮ ಗಾದೆಯೂ ಇಂಥ ಪ್ರತ್ಯಕ್ಷಕ್ಕಾಗಿಯೇ ಹುಟ್ಟಿರಬೇಕು.

ಈಗ ಒಂದು ಪ್ರಸಿದ್ಧ ಚಿತ್ರವನ್ನು ತೆಗೆದುಕೊಳ್ಳೋಣ. ಇಂಗ್ಲೆಂಡಿನ ಜಾನ್ ಷ್ಲೆಸಿಂಜರನು 1961ರಲ್ಲಿ 'ಟರ್ಮಿನಸ್' ಎಂಬ ಸಾಕ್ಷ್ಯಚಿತ್ರವನ್ನು ನಿರ್ದೇಶಿಸಿದನು. ಬ್ರಿಟಿಷ್ ಟ್ರಾನ್ಸ್‌ಪೋರ್ಟ್ ಫಿಲ್ಮ್ಸ್ ಸಂಸ್ಥೆಯವರು ಅದನ್ನು ತಯಾರಿಸಿದರು. ಲಂಡನ್ನಿನ ವಾಟರ್ಲೂ ನಿಲ್ದಾಣದಲ್ಲಿ ಒಂದು ದಿನದ ಬಾಳು ಅದರ ವಸ್ತು. ಅರ್ಧ ಗಂಟೆಯಷ್ಟು ಕಾಲ ನಡೆಯುವ ಈ ಕಪ್ಪು ಬಿಳುಪು ಚಿತ್ರಕ್ಕೆ ವೆನಿಸ್ ಉತ್ಸವದಲ್ಲಿ ಬಹುಮಾನ ಬಂದಿತು. ಷ್ಲೆಸಿಂಜರನ ಮುಂದಿನ ಕೀರ್ತಿಗೆ ಅದೇ ಮೆಟ್ಟಿಲಾಯಿತು. ಚಿತ್ರವನ್ನು ನೋಡಿದವರೆಲ್ಲರ ಮನಸ್ಸಿನಲ್ಲಿ ನಿಲ್ಲುವುದು ಒಂದೇ ದೃಶ್ಯ. ಸುಮಾರು ಐದು ವರ್ಷದ ಬಾಲಕನೊಬ್ಬನು ಜನಸಂದಣಿಯಲ್ಲಿ ತಾಯಿಯನ್ನು ಕಳೆದುಕೊಂಡು ಬಿಕ್ಕಿ ಬಿಕ್ಕಿ ಅಳುತ್ತಾನೆ. ಕೊನೆಗೆ ತಾಯಿಯು ಬಂದು ಕರೆದುಕೊಂಡು ಹೋಗುತ್ತಾಳೆ. ಪ್ರೇಕ್ಷಕನ ಕರುಳು ಚುರುಕ್ಕೆನ್ನುತ್ತದೆ, ಆಮೇಲೆ ಸಮಾಧಾನವಾಗುತ್ತದೆ.

ಆದರೆ ಆ ಬಾಲಕನು ಕಳೆದುಹೋಗಿರಲಿಲ್ಲ. ಅವನನ್ನು ಕಳೆಯಲಾಗಿತ್ತು. ನಿರ್ದೇಶಕನೂ ತಾಯಿಯೂ ಒಡಂಬಟ್ಟು, ಕ್ಯಾಮೆರಾದ ಮುಂದೆ ಮಗುವನ್ನು ಬೇಕೆಂದೇ ಒಂಟಿಯಾಗಿ ಬಿಟ್ಟಿದ್ದರು. ಎಲ್ಲರಿಗೂ ಗೊತ್ತಿದ್ದ ಸಂಗತಿಯು ಒಬ್ಬನಿಗೆ ಮಾತ್ರ ಗೊತ್ತಿರಲಿಲ್ಲ; ಆ ಒಬ್ಬನು ಅಳುತ್ತಿದ್ದ ಮಗು. ಇಲ್ಲಿ ನಡೆದ ವ್ಯವಹಾರವನ್ನು ಸರಿಯಾಗಿ ಗಮನಿಸಬೇಕು. ಘಟನೆಯು ಸುಳ್ಳು, ಕಣ್ಣೀರು ನಿಜ. ನಟನು ಅತ್ತಿದ್ದರೆ ಘಟನೆಯೂ ಸುಳ್ಳಾಗಿ ಕಣ್ಣೀರೂ ಸುಳ್ಳಾಗಿ ಯಾರಿಗೂ ಅನ್ಯಾಯವಾಗುತ್ತಿರಲಿಲ್ಲ. ಮಗು ನಿಜವಾಗಿ ಕಳೆದುಹೋಗಿದ್ದು ಕ್ಯಾಮೆರಾ ಅದನ್ನು ಕಂಡಿದ್ದರೆ ಅದು ಸಾಕ್ಷ್ಯವಾಗುತ್ತಿತ್ತು; ಆಗಲೂ ಕ್ಯಾಮೆರಾ ಬಿಟ್ಟು ಮಗುವಿನ ಕೈ ಹಿಡಿಯಬಾರದಾಗಿತ್ತೇ ಎಂಬ ಪ್ರಶ್ನೆ ಉಳಿಯುತ್ತಿತ್ತು, ಅಷ್ಟೆ. ಇಲ್ಲಿಯಾದರೋ ಪ್ರೇಕ್ಷಕನಿಗೆ ಸುಳ್ಳನ್ನು ಮಾರಿ, ಅದರ ಬೆಲೆಯನ್ನು ಒಂದು ಮಗುವಿನ ನಿಜವಾದ ಭಯದಿಂದ ತೆತ್ತಂತಾಯಿತು. ಇದು ಕೂಟಸಾಕ್ಷ್ಯವಲ್ಲದೆ ಮತ್ತೇನು?

ಇದಕ್ಕೆ ಪ್ರತಿಪಕ್ಷದವರು ಹೇಳುವ ಸಮಾಧಾನಗಳನ್ನು ನಾವು ಬಲ್ಲೆವು. ಒಂದು: ಸಾಕ್ಷ್ಯಚಿತ್ರದಲ್ಲಿ ಮೊದಲಿನಿಂದಲೂ ಅಷ್ಟಿಷ್ಟು ರಚನೆ ಇದ್ದೇ ಇದೆ, ಅದನ್ನು ದೂರುವುದು ಕಲೆಯನ್ನೇ ದೂರಿದಂತೆ. ಮಾತು ನಿಜ. ಲಾ ಸಿಯೋಟಾದ ಪ್ಲಾಟ್‌ಫಾರಮ್ಮಿನ ಮೇಲೆ ಓಡಾಡಿದವರಲ್ಲಿಯೂ ಲೂಮಿಯೇರ್ ಮನೆಯವರು ಕೆಲವರಿದ್ದರು. 1936ರ 'ನೈಟ್ ಮೇಲ್' ಎಂಬ ಚಿತ್ರವನ್ನು ನೋಡಿ. ಹ್ಯಾರಿ ವಾಟ್ ಮತ್ತು ಬೇಸಿಲ್ ರೈಟ್ ಎಂಬವರು ಲಂಡನ್ನಿನಿಂದ ಸ್ಕಾಟ್‌ಲೆಂಡಿಗೆ ರಾತ್ರಿ ಹೋಗುವ ಅಂಚೆರೈಲನ್ನು ಚಿತ್ರಿಸಿದರು. ಅದರಲ್ಲಿ ಅಂಚೆಯವರು ಓಡುವ ಗಾಡಿಯೊಳಗೆ ಓಲಾಡುತ್ತ ಕಾಗದಗಳನ್ನು ವಿಂಗಡಿಸುವ ಭಾಗವನ್ನು ತೆಗೆದದ್ದು ಸ್ಟುಡಿಯೋವಿನಲ್ಲಿ. ಗಾಡಿಯು ಓಡುತ್ತಿದೆಯೆಂದು ತೋರುವಂತೆ ಅವರು ಬೇಕೆಂದೇ ಮೈಯನ್ನು ಓಲಾಡಿಸಿದರು. ಆದರೆ ಅವರು ನಿಜವಾದ ಅಂಚೆನೌಕರರು, ಮಾಡಿದ ಕೆಲಸವು ಅವರ ದಿನನಿತ್ಯದ ಕೆಲಸ, ಮಾಡುತ್ತಿರುವುದು ಏತಕ್ಕೆಂದು ಅವರಿಗೆ ಪೂರ್ತಿ ತಿಳಿದಿತ್ತು. ಅಲ್ಲಿ ರಚನೆಯುಂಟು, ವಂಚನೆಯಿಲ್ಲ. ಆ ಓಲಾಟದಲ್ಲಿ ಪಾಲುಗಾರರಾಗಿ ಅವರು ಸಾಕ್ಷ್ಯ ಹೇಳಿದರು. ವಾಟರ್ಲೂವಿನ ಬಾಲಕನು ಪಾಲುಗಾರನಲ್ಲ, ಬರಿಯ ಸಾಮಗ್ರಿ. ನಾವು ದೂರುವುದು ರಚನೆಯನ್ನಲ್ಲ. ಮನುಷ್ಯನನ್ನು ಸಾಮಗ್ರಿಯನ್ನಾಗಿ ಮಾಡುವುದನ್ನು.

ಇನ್ನೊಂದು ಸಮಾಧಾನ: ಮಗುವಿಗೆ ಶಾಶ್ವತವಾದ ಕೇಡೇನೂ ಆಗಲಿಲ್ಲ, ಚಿತ್ರವೋ ಆರು ದಶಕಗಳ ಮೇಲೂ ಉಳಿದು 1961ರ ವಾಟರ್ಲೂವನ್ನು ನಮಗೆ ತೋರಿಸುತ್ತಿದೆ, ಲಾಭವು ನಷ್ಟಕ್ಕಿಂತ ಹಿರಿದು. ಈ ಲೆಕ್ಕವನ್ನು ಬರೆದವರು ಯಾರು? ಲಾಭವನ್ನು ಪಡೆದವರೇ. ಒಬ್ಬನ ಭಯವನ್ನು ಖರ್ಚಿನ ಕಲಮಿನಲ್ಲಿ ಬರೆದು ಇನ್ನೊಬ್ಬನ ಕೀರ್ತಿಯನ್ನು ಜಮೆಯ ಕಲಮಿನಲ್ಲಿ ಬರೆಯುವ ಪುಸ್ತಕವು ಯಾವ ನ್ಯಾಯದ ಕಟಕಟೆಯಲ್ಲಿ ನಿಂತೀತು? ಅದಲ್ಲದೆ, ಆ ದೃಶ್ಯವು ರಚಿತವೆಂದು ತಿಳಿದಮೇಲೆ ಪಕ್ಕದ ದೃಶ್ಯಗಳನ್ನು ನಂಬುವುದು ಹೇಗೆ? ಗಡಿಯಾರದ ಕೆಳಗೆ ಕಾಯುವವನು ನಿಜವಾಗಿ ಕಾಯುತ್ತಿರುವನೇ, ಬೀಳ್ಕೊಡುವವಳು ನಿಜವಾಗಿ ಬೀಳ್ಕೊಡುತ್ತಿರುವಳೇ ಎಂಬ ಸಂಶಯವು ಇಡೀ ನಿಲ್ದಾಣಕ್ಕೆ ಹಬ್ಬುತ್ತದೆ. ಒಂದು ಖೋಟಾ ನಾಣ್ಯವು ಥೈಲಿಯೊಳಗಿನ ಒಳ್ಳೆಯ ನಾಣ್ಯಗಳನ್ನೆಲ್ಲ ಸಂಶಯಕ್ಕೆ ಗುರಿಮಾಡುವಂತೆ ಕೂಟಸಾಕ್ಷ್ಯವು ಸಾಕ್ಷ್ಯವನ್ನು ಕೆಡಿಸುತ್ತದೆ.

ವಂಚನೆ ಬೇಡವೆಂದಮೇಲೆ, ಮರೆಯಲ್ಲಿ ನಿಂತು ಸುಮ್ಮನೆ ನೋಡುವುದರಲ್ಲಿ ದೋಷವೇನು ಎಂದು ಕೇಳಬಹುದು. ಇದಕ್ಕೆ ಉತ್ತರವನ್ನು ಪೋಲೆಂಡಿನ ಒಬ್ಬ ಕಲಾವಿದನ ಅನುಭವದಿಂದಲೇ ತೆಗೆದುಕೊಳ್ಳಬಹುದು. ಕ್ರಿಷ್ಟೋಫ್ ಕೀಷ್ಲೋವ್‌ಸ್ಕಿಯು 1980ರಲ್ಲಿ 'ನಿಲ್ದಾಣ' ಎಂಬ ಕಿರುಚಿತ್ರವನ್ನು ಮುಗಿಸಿದನು. ಸ್ಥಳವು ವಾರ್ಸಾ ನಗರದ ಸೆಂಟ್ರಲ್ ನಿಲ್ದಾಣ. 1975ರಲ್ಲಿ ತೆರೆದ, ಆ ಕಾಲದ ಸರಕಾರವು ತನ್ನ ಪ್ರಗತಿಯ ಗುರುತೆಂದು ಮೆರೆಸಿದ ಕಟ್ಟಡ. ತಡವಾದ ಗಾಡಿಗಳು, ದಣಿದ ಜನ, ಯಾರೂ ಕೇಳದ ವಾರ್ತೆಯನ್ನು ಓದುತ್ತಿರುವ ಟೆಲಿವಿಷನ್ನು, ಇವೆಲ್ಲದರ ಮೇಲೆ ಮೆಲ್ಲನೆ ತಿರುಗುವ ಕಾವಲು ಕ್ಯಾಮೆರಾ, ಇದಿಷ್ಟು ಚಿತ್ರ. ಅಲ್ಲಿ ಸಾಮಾನು ಇಡುವ ಬೀಗದ ಪೆಟ್ಟಿಗೆಗಳು ಆಗ ಹೊಸತು. ಅವುಗಳೊಡನೆ ಜನರು ಪಡುವ ಪಾಡನ್ನು ಕೀಷ್ಲೋವ್‌ಸ್ಕಿಯ ತಂಡದವರು ಒಂದು ರಾತ್ರಿ ಅರೆಮರೆಯಿಂದ ಚಿತ್ರಿಸುತ್ತಿದ್ದರು. ಅವರು ಮರಳಿದೊಡನೆ ಪೊಲೀಸರು ಬಂದು ಸುರುಳಿಗಳನ್ನೆಲ್ಲ ವಶಪಡಿಸಿಕೊಂಡರು. ಹುಡುಗಿಯೊಬ್ಬಳು ತಾಯಿಯನ್ನು ಕೊಂದು ಹೆಣವನ್ನು ಅಂತಹ ಪೆಟ್ಟಿಗೆಗಳಲ್ಲಿ ಇಟ್ಟಿದ್ದಳಂತೆ. ಅವಳು ಚಿತ್ರದಲ್ಲಿ ಸಿಕ್ಕಿರುವಳೋ ಎಂದು ಪೊಲೀಸರು ಹುಡುಕಿದರು. ಸಿಕ್ಕಿರಲಿಲ್ಲ. ಸುರುಳಿಗಳು ಹಿಂದಿರುಗಿದವು. ಆದರೆ ಕೀಷ್ಲೋವ್‌ಸ್ಕಿಯ ಮನಸ್ಸು ಹಿಂದಿರುಗಲಿಲ್ಲ. ಸಿಕ್ಕಿದ್ದರೆ ತಾನು ಬಯಸದೆಯೇ ಪೊಲೀಸರ ಕೈಯಾಳಾಗುತ್ತಿದ್ದೆನಲ್ಲವೇ ಎಂಬ ಯೋಚನೆಯು ಆತನನ್ನು ಬಿಡಲಿಲ್ಲ. ಆತನು ಕಥಾಚಿತ್ರಗಳ ಕಡೆಗೆ ತಿರುಗಿದನು. ಮತ್ತೆ ಸಾಕ್ಷ್ಯಚಿತ್ರಕ್ಕೆ ಕೈಹಾಕಿದುದು ವಿರಳ. ನಿಜವಾದ ಕಣ್ಣೀರನ್ನು ಚಿತ್ರಿಸುವ ಹಕ್ಕು ತನಗುಂಟೇ ಎಂಬ ಅಂಜಿಕೆಯನ್ನು ಆತನು ಮುಂದೆ ಬಹಿರಂಗವಾಗಿಯೇ ಹೇಳಿಕೊಂಡನು.

ಕೊಲೆಗಾರಳು ಸಿಕ್ಕಿಬಿದ್ದರೆ ಒಳ್ಳೆಯದೇ ಅಲ್ಲವೇ, ಇದರಲ್ಲಿ ಕೊರಗುವುದೇನು ಎನ್ನುವವರುಂಟು. ಕೊಲೆಗಾರಳಿಗಾಗಿ ನಾವೂ ಕಣ್ಣೀರಿಡುವುದಿಲ್ಲ. ಆದರೆ ಅದೇ 1980ರ ಆಗಸ್ಟಿನಲ್ಲಿ ಆ ದೇಶದಲ್ಲಿ ಕಾರ್ಮಿಕರ ದೊಡ್ಡ ಮುಷ್ಕರಗಳು ಎದ್ದವು. 1981ರ ಡಿಸೆಂಬರಿನಲ್ಲಿ ಸೈನಿಕ ಶಾಸನವು ಬಂದು ಸಾವಿರಾರು ಜನರು ಸೆರೆಯಾದರು. ಇಂದು ಕೊಲೆಗಾರಳನ್ನು ಹುಡುಕಿದ ಕಣ್ಣು ನಾಳೆ ಮುಷ್ಕರ ಹೂಡಿದವನನ್ನು ಅದೇ ಸುರುಳಿಯಲ್ಲಿ ಹುಡುಕಬಲ್ಲದು. ಯಾರನ್ನು ಹುಡುಕಬೇಕೆಂಬುದನ್ನು ಕಲಾವಿದನು ನಿರ್ಧರಿಸಲಾರ. ಅವನು ಮುಖಗಳನ್ನು ಕೂಡಿಹಾಕಬಲ್ಲ, ಅಷ್ಟೆ. ಹೀಗೆ ಅವನ ಸಹಾನುಭೂತಿಯ ಕಣಜವು ಇನ್ನೊಬ್ಬರ ಬೇಟೆಯ ಬಲೆಯಾಗುತ್ತದೆ. ಸಾಕ್ಷ್ಯಚಿತ್ರವೆಂಬ ಮಾತಿನಲ್ಲಿ ಕೋರ್ಟಿನ ವಾಸನೆ ಇರುವುದು ಸುಮ್ಮನಲ್ಲ.

ಸಾಹಿತಿಗಳೂ ಜನರನ್ನು ಗುಟ್ಟಾಗಿ ಗಮನಿಸುವುದಿಲ್ಲವೇ ಎಂಬುದು ಮತ್ತೊಂದು ಆಕ್ಷೇಪ. ಗಮನಿಸುತ್ತಾರೆ. ಆದರೆ ಕತೆಗಾರನು ಒಬ್ಬನ ಮೂಗನ್ನೂ ಇನ್ನೊಬ್ಬನ ಮಾತನ್ನೂ ಮತ್ತೊಬ್ಬನ ದುಃಖವನ್ನೂ ತೆಗೆದು ನಾಲ್ಕನೆಯವನನ್ನು ಕಟ್ಟುತ್ತಾನೆ. ಕ್ಯಾಮೆರಾಕ್ಕೆ ಈ ದಯೆಯಿಲ್ಲ. ಅದು ತೆಗೆದುಕೊಂಡ ಮುಖವು ಆ ಮುಖದವನದೇ. ಅದನ್ನು ಅವನ ಮಕ್ಕಳು ಗುರುತಿಸುವರು, ಸಾಲಗಾರನು ಗುರುತಿಸುವನು, ಅವನು ಯಾರಿಂದ ತಪ್ಪಿಸಿಕೊಂಡು ಹೊರಟಿದ್ದನೋ ಅವರೂ ಗುರುತಿಸುವರು. ಮನೆಯಲ್ಲಿ ಹೊಡೆತ ತಿಂದು ಮಗುವನ್ನೆತ್ತಿಕೊಂಡು ತವರಿಗೆ ಹೊರಟ ಹೆಣ್ಣುಮಗಳೂ ನಿಲ್ದಾಣದ ಬೆಂಚಿನ ಮೇಲೆಯೇ ಕುಳಿತಿರುತ್ತಾಳೆಂಬುದನ್ನು ಮರೆಯಬಾರದು.

ಇಲ್ಲಿ ಸಿರಿತನ ಬಡತನಗಳ ಮಾತೂ ಬರುತ್ತದೆ. ನಿಲ್ದಾಣವು ಎಲ್ಲರಿಗೂ ಸಮವಾಗಿ ಸಾರ್ವಜನಿಕವಲ್ಲ. ಅನುಕೂಲಸ್ಥನು ಗಾಜಿನ ಗೋಡೆಯ ಹಿಂದೆ ಮೆತ್ತನೆಯ ಕುರ್ಚಿಯಲ್ಲಿ ಕಾಯುತ್ತಾನೆ. ಅಲ್ಲಿಗೆ ಕ್ಯಾಮೆರಾ ಹೋಗಬೇಕಾದರೆ ಕಾಗದಪತ್ರ ಬೇಕು. ಬಡವನು ನೆಲದ ಮೇಲೆ ಪಂಚೆ ಹೊದ್ದು ಮಲಗಿರುತ್ತಾನೆ. ಅವನನ್ನು ಚಿತ್ರಿಸಲು ಯಾವ ಕಾಗದವೂ ಬೇಡವಂತೆ. ದುಡಿಮೆಗಾಗಿ ದೂರ ಹೊರಟ ಮಗನನ್ನು ಕಳುಹಿಸುವ ತಾಯಿಗೆ ಅಳುವುದಕ್ಕೆ ಪ್ಲಾಟ್‌ಫಾರಮ್ಮಲ್ಲದೆ ಬೇರೆ ಜಾಗವಿಲ್ಲ. ಬೇರೆ ಜಾಗವಿಲ್ಲದುದನ್ನು ಒಪ್ಪಿಗೆಯೆಂದು ತಿಳಿಯುವುದು ತರ್ಕವಲ್ಲ, ದರ್ಪ.

ಬಡವರ ಪ್ರಯಾಣವನ್ನು ಲೋಕಕ್ಕೆ ತೋರಿಸಬೇಕಾದರೆ ಬೇರೆ ದಾರಿಯಿಲ್ಲವೇ? ಉಂಟು. ಗಾಂಧಿಯವರು 1917ರಲ್ಲಿ ರೈಲ್ವೆಯ ಮೂರನೆಯ ತರಗತಿಯ ವಿಷಯವಾಗಿ ಬರೆದುದನ್ನು ಓದಿರಿ. ಮುಂಬಯಿಯಿಂದ ಮದರಾಸಿಗೆ ಮೂರನೆಯ ತರಗತಿಯ ಟಿಕೇಟನ್ನೇ ಕೊಂಡು, 22 ಜನರಿಗೆಂದು ಗುರುತು ಹಾಕಿದ ಡಬ್ಬಿಯಲ್ಲಿ ಕುಳಿತು, ರಾಯಚೂರಿನ ಬಳಿಕ ನೂಕುನುಗ್ಗಲು ಸಹಿಸಲಾಗದಷ್ಟಾದುದನ್ನು ಅವರು ಮೈಯಿಂದಲೇ ಅರಿತು ಬರೆದರು. ಅವರ ದೂರಿಗೆ ಗುರಿಯಾದುವು ಆಡಳಿತದ ಅಲಕ್ಷ್ಯ ಮತ್ತು ಜನರ ಕೊಳಕು ಅಭ್ಯಾಸಗಳು. ಯಾವನೊಬ್ಬ ಪ್ರಯಾಣಿಕನ ಮುಖವಲ್ಲ. ನೋಡುವವನು ನೋಡಿಸಿಕೊಳ್ಳುವವನ ಪಕ್ಕದಲ್ಲಿ ಕುಳಿತಿದ್ದನು. ಇದಕ್ಕೆ ಪ್ರತಿಯಾಗಿ, 1982ರ 'ಕೊಯಾನಿಸ್ಕಾಟ್ಸಿ' ಎಂಬ ಅಮೆರಿಕದ ಚಿತ್ರದಲ್ಲಿ ನ್ಯೂಯಾರ್ಕಿನ ಗ್ರ್ಯಾಂಡ್ ಸೆಂಟ್ರಲ್ ನಿಲ್ದಾಣದ ಜನರು ವೇಗ ಹೆಚ್ಚಿಸಿದ ಓಟದಲ್ಲಿ ಇರುವೆಗಳಂತೆ ಹರಿಯುತ್ತಾರೆ. ಅಲ್ಲಿ ಯಾರ ಮುಖಕ್ಕೂ ಅಪಚಾರವಿಲ್ಲ, ನಿಜ. ಆದರೆ ಯಾರ ಮುಖವೂ ಇಲ್ಲ. ದೂರ ನಿಂತ ಮಾತ್ರಕ್ಕೆ ನೋಟವು ನಿರ್ದೋಷವಾಗದು.

ಈ ಚರ್ಚೆಯು ಹೊರದೇಶದ ಹಳೆಯ ಚಿತ್ರಗಳದೆಂದು ವಾಚಕರು ಉಪೇಕ್ಷಿಸಬಾರದು. ಹಿಂದೆ ಕ್ಯಾಮೆರಾ ಹಿಡಿದವರು ಬೆರಳೆಣಿಕೆಯಷ್ಟು. ಇಂದು ಪ್ರತಿಯೊಂದು ಕಿಸೆಯಲ್ಲಿಯೂ ಒಂದಿದೆ. 2025ರ ಮೇ ತಿಂಗಳಿನಲ್ಲಿ ಬೆಂಗಳೂರಿನ ಮೆಟ್ರೋ ಗಾಡಿಗಳಲ್ಲಿಯೂ ನಿಲ್ದಾಣಗಳಲ್ಲಿಯೂ ಓಡಾಡುವ ಹೆಂಗಸರನ್ನು ಅವರಿಗರಿವಿಲ್ಲದಂತೆ ಚಿತ್ರಿಸಿ ಇನ್‌ಸ್ಟಾಗ್ರಾಮಿನಲ್ಲಿ ಹರಡುತ್ತಿದ್ದುದು ಬಯಲಾಗಿ, ಪೊಲೀಸರು ಮೊಕದ್ದಮೆ ಹೂಡಿ ಒಬ್ಬನನ್ನು ಬಂಧಿಸಿದರು. ಅದನ್ನು ಸಾವಿರಾರು ಜನರು ನೋಡುತ್ತಿದ್ದರು. ಅಂತಹವನನ್ನೂ ಕಲಾವಿದನನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ಅನ್ಯಾಯವೆಂದು ನಾವು ಒಪ್ಪುತ್ತೇವೆ. ಆದರೆ ಅವನೂ ಹೇಳಬಹುದಾದ ಮಾತು ಯಾವುದು? ಸ್ಥಳವು ಸಾರ್ವಜನಿಕ, ಮುಖವು ಕಂಡಿತು, ತೆಗೆದೆ ಎಂಬುದೇ. ಕಲಾವಿದನು ತನ್ನ ರಕ್ಷಣೆಗೆಂದು ಕಟ್ಟಿದ ತರ್ಕದ ನೆರಳಿನಲ್ಲಿ ಇಂತಹವರು ಬಂದು ನಿಲ್ಲುವರಾದರೆ, ಆ ತರ್ಕವನ್ನು ಕೆಡವಿ ಬೇರೆ ಕಟ್ಟುವ ಹೊಣೆ ಕಲಾವಿದನದೇ.

ನಮ್ಮ ದೇಶದ ಸರ್ವೋಚ್ಚ ನ್ಯಾಯಾಲಯವೂ ಆ ತರ್ಕವನ್ನು ಒಪ್ಪಿಲ್ಲ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಾಧೀಶರಾಗಿದ್ದ ಕೆ. ಎಸ್. ಪುಟ್ಟಸ್ವಾಮಿಯವರು ತಂದ ಮೊಕದ್ದಮೆಯಲ್ಲಿ, 2017ರ ಆಗಸ್ಟ್ 24ರಂದು 9 ನ್ಯಾಯಾಧೀಶರ ಪೀಠವು ಖಾಸಗಿತನವು ಮೂಲಭೂತ ಹಕ್ಕೆಂದು ಒಮ್ಮತದಿಂದ ತೀರ್ಮಾನಿಸಿತು. ಸಾರ್ವಜನಿಕ ಸ್ಥಳದಲ್ಲಿರುವ ಮಾತ್ರಕ್ಕೆ ಒಬ್ಬನು ಅದನ್ನು ಕಳೆದುಕೊಳ್ಳುವುದಿಲ್ಲ, ಅದು ಸ್ಥಳಕ್ಕಲ್ಲ, ವ್ಯಕ್ತಿಗೆ ಅಂಟಿದುದು ಎಂಬ ಭಾವವು ಆ ತೀರ್ಪಿನಲ್ಲಿ ಸ್ಪಷ್ಟವಾಗಿದೆ. ಆ ಹಕ್ಕು ಮುಖ್ಯವಾಗಿ ಸರಕಾರದ ಎದುರಿಗೆ ಇರತಕ್ಕದ್ದು, ನಿಜ. ಆದರೆ ಸರಕಾರಕ್ಕೆ ಸಲ್ಲದ ದರ್ಪವು ಕಲೆಗೆ ಸಲ್ಲುವುದೆಂದು ಹೇಳುವ ಎದೆಗಾರಿಕೆ ಯಾರಿಗಿದೆ? ಅದಲ್ಲದೆ ಮುಖದ ಬೆಲೆಯೇ ಈಗ ಬೇರೆ. 2022ರ ಡಿಸೆಂಬರ್ 1ರಿಂದ ಬೆಂಗಳೂರು, ದೆಹಲಿ, ವಾರಾಣಸಿಯ ವಿಮಾನನಿಲ್ದಾಣಗಳಲ್ಲಿ ಆರಂಭವಾದ ಡಿಜಿಯಾತ್ರಾ ವ್ಯವಸ್ಥೆಯಲ್ಲಿ ಪ್ರಯಾಣಿಕನ ಮುಖವೇ ಅವನ ರಹದಾರಿ. ಯಂತ್ರವು ಮುಖವನ್ನು ಓದಬಲ್ಲ ಕಾಲದಲ್ಲಿ ಅಪರಿಚಿತನೆಂಬುವನು ಉಳಿದಿಲ್ಲ. ವಾಟರ್ಲೂವಿನ ಗುಂಪಿನಲ್ಲಿ 1961ರಲ್ಲಿ ಕರಗಿಹೋದವನನ್ನು ಹೆಸರು ಹಿಡಿದು ಕರೆಯುವವರಿರಲಿಲ್ಲ. ಇಂದಿನ ಗುಂಪಿನಲ್ಲಿ ಕರಗುವುದು ಸಾಧ್ಯವಿಲ್ಲ.

ಹಾಗಾದರೆ ಸತ್ಯವು ಓಡಿಹೋಗುವುದೆಂಬ ಹೆದರಿಕೆಯ ಗತಿಯೇನು? ಅದೂ ಅಷ್ಟು ಗಟ್ಟಿಯಾದ ಹೆದರಿಕೆಯಲ್ಲ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ನನು ಆಸ್ಪತ್ರೆ, ಶಾಲೆ, ನ್ಯಾಯಾಲಯ ಮುಂತಾದ ಕಡೆಗಳಲ್ಲಿ ವಾರಗಟ್ಟಲೆ ಚಿಕ್ಕ ತಂಡದೊಡನೆ ಇದ್ದು, ಜನರಿಗೆ ತಿಳಿಸಿಯೇ ಚಿತ್ರಿಸಿದನು; ಜನರು ತಮ್ಮ ಕೆಲಸದಲ್ಲಿ ಮುಳುಗಿ ಕ್ಯಾಮೆರಾವನ್ನು ಮರೆತರು. ಪ್ರಯಾಣಿಕನು ಹತ್ತು ನಿಮಿಷದಲ್ಲಿ ಹೊರಟುಹೋಗುವನು, ಅವನೊಡನೆ ವಾರಗಟ್ಟಲೆ ಇರುವುದೆಂತು ಎನ್ನಬಹುದು. ಸರಿ, ಆದರೆ ನಿಲ್ದಾಣದಲ್ಲಿ ಪ್ರಯಾಣಿಕರಷ್ಟೇ ಇರುವುದಿಲ್ಲ. ಹಮಾಲಿ, ಚಹ ಮಾರುವವನು, ಕಸ ಗುಡಿಸುವವಳು, ಟಿಕೇಟಿನ ಗುಮಾಸ್ತ, ಸ್ಟೇಷನ್ ಮಾಸ್ತರ, ಇವರು ಅಲ್ಲಿಯ ಖಾಯಂ ನಿವಾಸಿಗಳು. ಅವರನ್ನು ಕೇಳಿ, ಅವರೊಡನೆ ಇದ್ದು ಚಿತ್ರಿಸಿದರೆ ನಿಲ್ದಾಣದ ಆತ್ಮವು ಸಿಕ್ಕದೇ ಹೋದೀತೇ? ಗುಂಪನ್ನು ಗುಂಪಾಗಿ ತೋರಿಸುವುದಕ್ಕೆ ಅಡ್ಡಿಯಿಲ್ಲ. ಆದರೆ ಕ್ಯಾಮೆರಾವು ಗುಂಪಿನಿಂದ ಒಬ್ಬನನ್ನು ಆರಿಸಿ ಅವನ ಮುಖದ ಮೇಲೆ ನಿಂತಿತೋ, ಆ ಕ್ಷಣದಿಂದ ಋಣವು ಆರಂಭವಾಯಿತು.

ಆ ಋಣವನ್ನು ತೀರಿಸುವ ಬಗೆ ಕಷ್ಟವಾದುದೇನೂ ಅಲ್ಲ. ಮೊದಲು ಕೇಳಲಾಗದಿದ್ದರೆ ತೆಗೆದ ಬಳಿಕ ಕೇಳಬೇಕು, ಬೇಡವೆಂದರೆ ಅಳಿಸಬೇಕು. ಮಗು, ನಿದ್ರಿಸುವವನು, ಅಳುವವನು, ಈ ಮೂವರೂ ಆ ಹೊತ್ತಿನಲ್ಲಿ ತಮ್ಮ ಮುಖವನ್ನು ತಾವು ಕಾಯಲಾರರು. ಅವರ ಮೌನವನ್ನು ಎಂದಿಗೂ ಸಮ್ಮತಿಯೆಂದು ಎಣಿಸಬಾರದು. ದೃಶ್ಯವನ್ನು ಪಡೆಯುವುದಕ್ಕಾಗಿ ಯಾರನ್ನೂ ಮೋಸಗೊಳಿಸಬಾರದು. ಮುಗಿದ ಚಿತ್ರವನ್ನು ಉತ್ಸವಗಳಿಗೆ ಕಳುಹಿಸುವ ಮುನ್ನ, ತೆಗೆದ ಊರಿನಲ್ಲಿ, ತೆಗೆದವರ ಮುಂದೆ ಒಮ್ಮೆ ತೋರಿಸಬೇಕು. ಇದರಿಂದ ಕೆಲವು ಅಪೂರ್ವ ದೃಶ್ಯಗಳು ಕೈತಪ್ಪುವುವು, ನಿಜ. ತಪ್ಪಲಿ. ವೈದ್ಯನಿಗೂ ವಕೀಲನಿಗೂ ತಿಳಿದ ಎಷ್ಟೋ ಅಪೂರ್ವ ಸಂಗತಿಗಳು ಅವರೊಡನೆಯೇ ಮಣ್ಣಾಗುತ್ತವೆ; ಅದರಿಂದ ಲೋಕವು ಬಡವಾಗಿಲ್ಲ.

ನಮ್ಮ ಜಿಲ್ಲೆಗಳ ಸಾಹಿತ್ಯ ಸಂಘಗಳೂ ಚಿತ್ರಮಂಡಲಿಗಳೂ ಸಾಕ್ಷ್ಯಚಿತ್ರಗಳನ್ನು ಪ್ರದರ್ಶಿಸುವಾಗ ಬೆಳಕು ನೆರಳು ಸಂಗೀತಗಳನ್ನು ಹೊಗಳುವುದರ ಜೊತೆಗೆ, ಈ ಮುಖದವನನ್ನು ಕೇಳಿದಿರಾ ಎಂಬ ಒಂದು ಪ್ರಶ್ನೆಯನ್ನು ತಯಾರಕರಿಗೆ ಹಾಕುವ ಪದ್ಧತಿಯನ್ನಿಟ್ಟುಕೊಳ್ಳಲಿ. ಮನೆಮನೆಗಳಲ್ಲಿಯೂ, ಪ್ಲಾಟ್‌ಫಾರಮ್ಮಿನಲ್ಲಿ ಬಾಯಿ ತೆರೆದು ಮಲಗಿದ ಅಪರಿಚಿತನ ಚಿತ್ರವೊಂದು ಮೊಬೈಲಿಗೆ ಬಂದಾಗ, ನಕ್ಕು ಮುಂದಕ್ಕೆ ಕಳುಹಿಸುವ ಮೊದಲು ಹಿರಿಯರು ಮಕ್ಕಳಿಗೆ ಇದೇ ಪ್ರಶ್ನೆಯನ್ನು ಕಲಿಸಲಿ. ನೋಡುವ ಕಣ್ಣಿಗೆ ನಾಚಿಕೆಯೂ ಬೇಕೆಂಬುದು ನಮ್ಮ ಹಿರಿಯರಿಗೆ ಯಾರೂ ಹೇಳಿಕೊಡದೆ ತಿಳಿದಿತ್ತು. ಯಂತ್ರದ ಕಣ್ಣಿಗೆ ಆ ನಾಚಿಕೆ ತಾನಾಗಿ ಬಾರದು. ಅದರ ಹಿಂದೆ ನಿಂತವನೇ ಅದನ್ನು ತರಬೇಕು. ತಂದವನು ಸಾಕ್ಷಿ; ತರದವನು ಎಷ್ಟೇ ಬಹುಮಾನ ಪಡೆದರೂ ಕೂಟಸಾಕ್ಷಿ.